ಮನೆಯ ಸಣ್ಣಪುಟ್ಟ ಆಯ್ಕೆಗಳಿಂದ ಹೆಂಗಸರು ಹವಾಮಾನಕ್ಕೆ ನಿಜವಾಗಿ ಏನಾದರೂ ಮಾಡಬಹುದಾ?

ಖಂಡಿತ ಮಾಡಬಹುದು, ಅದರಲ್ಲೂ ಅಡುಗೆಮನೆಯಲ್ಲಿ. 2022ರಲ್ಲಿ ಜಗತ್ತಿನಲ್ಲಿ ಸುಮಾರು 105 ಕೋಟಿ ಟನ್ ಆಹಾರ ವ್ಯರ್ಥವಾಯಿತು ಎಂದು ವಿಶ್ವಸಂಸ್ಥೆಯ ಪರಿಸರ ಕಾರ್ಯಕ್ರಮ ಅಂದಾಜು ಮಾಡಿದೆ. ಅದರಲ್ಲಿ ಶೇ. 60ರಷ್ಟು ಮನೆಗಳದ್ದೇ. ಕಸದ ರಾಶಿಯಡಿ ಗಾಳಿಯಾಡದೆ ಕೊಳೆಯುವ ಆಹಾರ ಮೀಥೇನ್ ಬಿಡುತ್ತದೆ. 20 ವರ್ಷದ ಲೆಕ್ಕದಲ್ಲಿ ಈ ಅನಿಲ ಇಂಗಾಲದ ಡೈಆಕ್ಸೈಡ್‌ಗಿಂತ ಸುಮಾರು 80 ಪಟ್ಟು ಜಾಸ್ತಿ ಭೂಮಿಯನ್ನು ಬಿಸಿ ಮಾಡುತ್ತದೆ. ಏನು ತರಬೇಕು, ಎಷ್ಟು ಬೇಯಿಸಬೇಕು ಅಂತ ಹೆಚ್ಚಿನ ಮನೆಗಳಲ್ಲಿ ನಿರ್ಧರಿಸುವುದು ಹೆಂಗಸರೇ ಅಲ್ವಾ? ಅಳತೆ ನೋಡಿ ಅಡುಗೆ ಮಾಡಿ, ಹಸಿ ಕಸವನ್ನು ಗೊಬ್ಬರ ಮಾಡಿದರೆ ಅಷ್ಟು ಮೀಥೇನ್ ಹುಟ್ಟುವುದೇ ಇಲ್ಲ. ಬಟ್ಟೆಯನ್ನು ತಣ್ಣೀರಲ್ಲಿ ಒಗೆದು ಬಿಸಿಲಿಗೆ ಹಾಕಿದರೆ ವಿದ್ಯುತ್ತೂ ಉಳಿಯುತ್ತದೆ.

ಆದರೆ ಇದನ್ನೆಲ್ಲ ಹೆಂಗಸರ ತಲೆಗೇ ಕಟ್ಟುವುದು ನನಗೆ ಸರಿ ಕಾಣುವುದಿಲ್ಲ. ದಾರಿ ಅವರು ತೋರಿಸಲಿ, ಕೆಲಸ ಮನೆಯವರೆಲ್ಲ ಹಂಚಿಕೊಳ್ಳಲಿ. ಕಸ, ಬಸ್ಸು, ವಿದ್ಯುತ್ ಬಗ್ಗೆ ತೀರ್ಮಾನವಾಗುವ ಸಭೆಗಳಲ್ಲೂ ಅವರ ಮಾತು ನಡೆಯಬೇಕು.