ಶಾಲೆಯ ಸಂಗ್ರಹದ ಹಳೆಯ ವಸ್ತುಗಳನ್ನು ಕಾಲದ ಪ್ರಕಾರ ಜೋಡಿಸಬೇಕೆ, ಬಗೆಯ ಪ್ರಕಾರ ಜೋಡಿಸಬೇಕೆ?

ನೀವು ಕೇಳಿದ್ದು ಇಷ್ಟು: ಕೇರಳದ ಕಾಸರಗೋಡು ಜಿಲ್ಲೆಯ ಬದಿಯಡ್ಕದ ಹತ್ತಿರದ ನಿಮ್ಮ ಶಾಲೆಗೆ ನೂರು ವರ್ಷ ತುಂಬುತ್ತಿದೆ. ಊರಿನ ಮನೆಗಳಿಂದ ಬಂದ ಪಾತ್ರೆ, ಅಕ್ಕಿ ಅಳೆಯುವ ಕಳಸಿಗೆ, ಓಲೆಗರಿ, ನೇಗಿಲುಗಳಿಂದ ಒಂದು ಕೊಠಡಿ ತುಂಬಿದೆ. ಅವನ್ನು ಕಾಲದ ಪ್ರಕಾರ ಜೋಡಿಸಬೇಕೋ ಬಗೆಯ ಪ್ರಕಾರವೋ, ದೊಡ್ಡ ವಸ್ತುಸಂಗ್ರಹಾಲಯಗಳು ಹೇಗೆ ಮಾಡುತ್ತವೆ?

ನಾನು ಕುಂಬಳೆ ಕಡೆಯವನು. ವಸ್ತುಸಂಗ್ರಹಾಲಯವೊಂದರ ದಾಖಲಾತಿ ವಿಭಾಗದಲ್ಲಿ ಬಹುಕಾಲ ದುಡಿದು ಈಗ ಊರಿನಲ್ಲಿದ್ದೇನೆ. ನನ್ನ ಉತ್ತರ ಇದು: ಸದ್ಯಕ್ಕೆ ಏನನ್ನೂ ಜೋಡಿಸಬೇಡಿ, ಮೊದಲು ಬರೆದಿಡಿ. ನಿಮ್ಮ ಒಂದು ಪ್ರಶ್ನೆಯೊಳಗೆ ಮೂರು ಕೆಲಸಗಳು ಸೇರಿಕೊಂಡಿವೆ. ವಸ್ತುವಿಗೆ ಸಂಖ್ಯೆ ಕೊಡುವುದು ಒಂದು, ಅದನ್ನು ಕಾಪಾಡಿ ಇಡುವುದು ಇನ್ನೊಂದು, ಜನರಿಗೆ ತೋರಿಸುವುದು ಮತ್ತೊಂದು. ಮೂರಕ್ಕೂ ಬೇರೆ ಬೇರೆ ಕ್ರಮಗಳಿವೆ. ಒಂದೇ ಕ್ರಮದಲ್ಲಿ ಮೂರನ್ನೂ ಮುಗಿಸಲು ಹೊರಟಾಗಲೇ ಸಣ್ಣ ಸಂಗ್ರಹಗಳು ಹಾಳಾಗುವುದು.

ಸಂಖ್ಯೆಯ ವಿಚಾರ ಮೊದಲು. ಬಹಳ ಕಡೆ ಬಳಕೆಯಲ್ಲಿರುವುದು ಮೂರು ಭಾಗಗಳ ಸಂಖ್ಯೆ. 2025.7.3 ಎಂದರೆ 2025ರಲ್ಲಿ ಏಳನೆಯವರು ಕೊಟ್ಟ ವಸ್ತುಗಳಲ್ಲಿ ಮೂರನೆಯದು. ಪಾತ್ರೆಗೆ ಮುಚ್ಚಳವಿದ್ದರೆ ಕೊನೆಯಲ್ಲಿ ಅ, ಆ ಎಂದು ಸೇರಿಸಿ. ಮರಕ್ಕೆ ‘ಮ’, ಹಿತ್ತಾಳೆಗೆ ‘ಹಿ’ ಎಂದು ಸಂಖ್ಯೆಯೊಳಗೇ ಬಗೆಯನ್ನು ತುಂಬಿಸುವ ಆಸೆ ಎಲ್ಲರಿಗೂ ಬರುತ್ತದೆ. ಬೇಡ. ನೀವು ಹಿತ್ತಾಳೆ ಎಂದುಕೊಂಡದ್ದು ಕಂಚು ಎಂದು ನಾಳೆ ಗೊತ್ತಾದರೆ ಆ ಸಂಖ್ಯೆಯೇ ಸುಳ್ಳಾಗುತ್ತದೆ. ಸಂಖ್ಯೆ ಏನನ್ನೂ ವಿವರಿಸಬೇಕಾಗಿಲ್ಲ, ಆ ವಸ್ತುವಿಗೆ ಮಾತ್ರ ಸೇರಿದ್ದಾಗಿದ್ದರೆ ಸಾಕು. ವಸ್ತು ಕಳೆದುಹೋದರೂ ಅದರ ಸಂಖ್ಯೆಯನ್ನು ಇನ್ನೊಂದಕ್ಕೆ ಕೊಡಬಾರದು.

ವಿವರಗಳೆಲ್ಲ ರಿಜಿಸ್ಟರಿನಲ್ಲಿರಲಿ. ದಪ್ಪ ರಟ್ಟಿನ, ಹೊಲಿದ ಪುಸ್ತಕ ತನ್ನಿ. ಕಂಪ್ಯೂಟರಿನಲ್ಲಿಯೂ ಒಂದು ಪ್ರತಿ ಇರಲಿ. ಉದ್ದ, ಅಗಲ, ಎತ್ತರ, ಯಾವುದರಿಂದ ಮಾಡಿದ್ದು, ಈಗಿನ ಸ್ಥಿತಿ, ಅಳತೆಪಟ್ಟಿ ಪಕ್ಕದಲ್ಲಿಟ್ಟು ತೆಗೆದ ಫೋಟೋ ಇವನ್ನು ಯಾವಾಗ ಬೇಕಾದರೂ ತುಂಬಬಹುದು. ಕೊಟ್ಟವರ ಮಾತನ್ನು ಮಾತ್ರ ಅದೇ ದಿನ ಬರೆಯಬೇಕು. ಯಾವ ಮನೆಯದು, ಯಾರು ಬಳಸುತ್ತಿದ್ದರು, ಬಳಕೆ ಯಾವಾಗ ನಿಂತಿತು, ಒಡೆದಾಗ ಯಾರ ಕೈಯಲ್ಲಿ ಬೆಸುಗೆ ಹಾಕಿಸಿದರು ಎಂಬುದನ್ನೆಲ್ಲ ಎಂಬತ್ತು ದಾಟಿದ ಒಬ್ಬ ಅಜ್ಜಿ ಮಾತ್ರ ಬಲ್ಲರು. ಪಾತ್ರೆ ಇನ್ನೂ ನೂರು ವರ್ಷ ಇರುತ್ತದೆ, ಅಜ್ಜಿ ಇರುವುದಿಲ್ಲ. ನಮ್ಮಲ್ಲಿ ತುಳು, ಹವ್ಯಕ, ಮಲಯಾಳ, ಕೊಂಕಣಿ, ಮರಾಟಿ, ಬ್ಯಾರಿ ಮನೆಗಳಿಂದಲೂ ವಸ್ತುಗಳು ಬರುತ್ತವೆ. ಹೆಸರಿನ ಅಂಕಣವನ್ನು ಅಗಲವಾಗಿಟ್ಟು, ಕೊಟ್ಟವರು ಹೇಳಿದ ಹೆಸರನ್ನೇ ಮೊದಲು ಬರೆಯಿರಿ.

ಇನ್ನೊಂದು ಅಂಕಣವನ್ನು ದಯವಿಟ್ಟು ಬಿಡಬೇಡಿ: ದಾನವೋ, ಎರವಲೋ. ಬಾಯಿಮಾತಿನಲ್ಲಿ ಬಂದ ವಸ್ತುವನ್ನು ಮಕ್ಕಳ ಕಾಲದಲ್ಲಿ ಹಿಂದಕ್ಕೆ ಕೇಳುವುದನ್ನು, ಅದು ಮನೆಯ ಪಾಲಿನ ಜಗಳದೊಳಗೆ ಸೇರುವುದನ್ನು ನಾನು ಕಂಡಿದ್ದೇನೆ. ಅರ್ಧ ಪುಟದ ದಾನಪತ್ರ, ಎರಡು ಸಹಿಗಳು ಸಾಕು.

ವಸ್ತುವಿನ ಮೇಲೆ ಸಂಖ್ಯೆ ಬರೆಯುವುದಕ್ಕೂ ಕ್ರಮವಿದೆ. ವಸ್ತುಸಂಗ್ರಹಾಲಯಗಳಲ್ಲಿ ಪ್ಯಾರಲಾಯ್ಡ್ ಬಿ-72 ಎಂಬ ರಾಳವನ್ನು ಅಸಿಟೋನಿನಲ್ಲಿ ಕರಗಿಸಿ, ಕಾಣದ ಮೂಲೆಯಲ್ಲಿ ತೆಳುವಾಗಿ ಬಳಿದು, ಒಣಗಿದ ಮೇಲೆ ಶಾಯಿಯಿಂದ ಸಂಖ್ಯೆ ಬರೆದು, ಮೇಲೆ ಮತ್ತೊಂದು ಪದರ ಬಳಿಯುತ್ತಾರೆ. ಬೇಡವಾದಾಗ ಅಸಿಟೋನಿನಲ್ಲಿ ಒರೆಸಿದರೆ ಅದು ಗುರುತಿಲ್ಲದೆ ಹೋಗುತ್ತದೆ. ಅದು ಸಿಗದಿದ್ದರೆ ಹತ್ತಿಯ ದಾರದಲ್ಲಿ ಚೀಟಿ ಕಟ್ಟಿ. ಬಟ್ಟೆಗೆ ಹತ್ತಿಯ ಪಟ್ಟಿ ಹೊಲಿಯಿರಿ, ಕಾಗದಕ್ಕೆ ಮೆತ್ತನೆಯ ಪೆನ್ಸಿಲ್ ಬಳಸಿ. ಓಲೆಗರಿಯ ಮೇಲೆ ಏನೂ ಬರೆಯಬೇಡಿ, ಅದರ ಕಟ್ಟಿಗೆ ಚೀಟಿ ಸಾಕು. ಪೇಂಟ್, ಮಾರ್ಕರ್, ಅಂಟಿಸುವ ಸ್ಟಿಕ್ಕರ್ ಯಾವುದೂ ಬೇಡ. ಹಾಗೆಯೇ ಉತ್ಸಾಹದಿಂದ ಹುಣಸೆಹುಳಿ ಹಾಕಿ ಹಿತ್ತಾಳೆಯನ್ನು ಬೆಳಗಬೇಡಿ, ಮರಕ್ಕೆ ವಾರ್ನಿಷ್ ಹೊಡೆಯಬೇಡಿ. ಕಾಲ ಹೊದಿಸಿದ ಪದರವೂ ಆ ವಸ್ತುವಿನ ದಾಖಲೆಯೇ.

ಕಾಪಾಡಿ ಇಡುವಾಗ ಜೋಡಣೆ ಪೂರ್ತಿಯಾಗಿ ದ್ರವ್ಯದ ಪ್ರಕಾರ. ಲೋಹ ಒಂದು ಕಡೆ, ಮರ ಮತ್ತು ಬೆತ್ತ ಒಂದು ಕಡೆ, ಬಟ್ಟೆ, ಕಾಗದ, ಓಲೆಗರಿ ಬೇರೆ. ಇಲ್ಲಿ ಕಾಲ, ಕಥೆ ಯಾವುದೂ ಮುಖ್ಯವಲ್ಲ. ಯಾವುದಕ್ಕೆ ಯಾವ ಶತ್ರು ಎಂಬುದಷ್ಟೇ ಮುಖ್ಯ. ನಮ್ಮ ಜೂನ್‌ನಿಂದ ಸೆಪ್ಟೆಂಬರ್‌ವರೆಗಿನ ಮಳೆಯಲ್ಲಿ ಗಾಳಿಯ ತೇವ ಶೇಕಡಾ 65 ದಾಟಿಯೇ ಇರುತ್ತದೆ, ಅಲ್ಲಿಂದ ಮೇಲೆ ಬೂಷ್ಟು ಹಿಡಿಯುತ್ತದೆ. ಮುರಕಲ್ಲಿನ ಹೊರಗೋಡೆಗೆ ಕಪಾಟನ್ನು ಒರಗಿಸಬೇಡಿ, ಗಾಳಿಯಾಡಲು ಒಂದು ಗೇಣು ಬಿಡಿ, ನೆಲದಿಂದಲೂ ಎತ್ತರದಲ್ಲಿಡಿ. ಹುಳ ಹಿಡಿದ ಸಣ್ಣ ಮರದ ಸಾಮಾನು ಅಥವಾ ಬಟ್ಟೆ ಇದ್ದರೆ ಪಾಲಿಥೀನ್ ಚೀಲದಲ್ಲಿ ಗಾಳಿಯಾಡದಂತೆ ಮುಚ್ಚಿ ಮೈನಸ್ 20 ಡಿಗ್ರಿಯ ಫ್ರೀಜರಿನಲ್ಲಿ ಎರಡು ವಾರ ಇಡುವ ಕ್ರಮವಿದೆ. ಹೊರತೆಗೆದ ಮೇಲೆ ಕೋಣೆಯ ಬಿಸಿಗೆ ಬರುವವರೆಗೆ ಚೀಲ ಬಿಚ್ಚಬಾರದು. ಬಣ್ಣ ಬಳಿದ ವಸ್ತುಗಳಿಗೆ ಇದನ್ನು ಮಾಡಬೇಡಿ. ಓಲೆಗರಿಗೆ ಮಜ್ಜಿಗೆಹುಲ್ಲಿನ ಎಣ್ಣೆ ಸವರುವುದುಂಟು, ಆದರೆ ಅದನ್ನು ಬಲ್ಲವರ ಕೈಯಲ್ಲೇ ಮಾಡಿಸಿ.

ಇನ್ನು ನೀವು ಕೇಳಿದ ಕಾಲ ಮತ್ತು ಬಗೆ. ಈ ಜಗಳ ಹಳೆಯದು. ಕೋಪನ್‌ಹೇಗನ್‌ನ ಕ್ರಿಸ್ಟಿಯನ್ ಥಾಮ್ಸನ್ ತನ್ನ ಸಂಗ್ರಹವನ್ನು ಕಲ್ಲು, ಕಂಚು, ಕಬ್ಬಿಣ ಎಂದು ಮೂರು ಯುಗಗಳಾಗಿ ವಿಂಗಡಿಸಿ 1836ರಲ್ಲಿ ಅದರ ಕೈಪಿಡಿ ಪ್ರಕಟಿಸಿದ. ಇಂದಿಗೂ ನಾವು ಶಿಲಾಯುಗ ಎನ್ನುವುದು ಆ ವಿಂಗಡಣೆಯಿಂದಲೇ. 1884ರಲ್ಲಿ ಸ್ಥಾಪನೆಯಾದ ಆಕ್ಸ್‌ಫರ್ಡ್‌ನ ಪಿಟ್ ರಿವರ್ಸ್ ಸಂಗ್ರಹಾಲಯದಲ್ಲಿ ಊರು, ಕಾಲ ನೋಡದೆ ಒಂದೇ ಬಗೆಯವನ್ನು ಒಟ್ಟಿಗೆ ಇಟ್ಟರು. 1887ರಲ್ಲಿ ಅಮೆರಿಕದಲ್ಲಿ ಇಂಥದೇ ಜೋಡಣೆಯ ಮೇಲೆ ಚರ್ಚೆ ಎದ್ದಾಗ ಮಾನವಶಾಸ್ತ್ರಜ್ಞ ಫ್ರಾಂಜ್ ಬೋವಾಸ್ ಅದನ್ನು ಬಲವಾಗಿ ವಿರೋಧಿಸಿದ: ಒಂದು ಜನಸಮುದಾಯದ ವಸ್ತುಗಳನ್ನು ಒಟ್ಟಿಗೆ ನೋಡದಿದ್ದರೆ ಒಂದರ ಅರ್ಥವೂ ತಿಳಿಯುವುದಿಲ್ಲ ಎಂಬುದು ಅವನ ವಾದ. ನಾನು ಬೋವಾಸನ ಪಕ್ಷ. ರಿಜಿಸ್ಟರಿನ ವರ್ಗೀಕರಣಕ್ಕೆ ಮಾತ್ರ ಅಮೆರಿಕದ ರಾಬರ್ಟ್ ಚೆನ್‌ಹಾಲ್ 1978ರಲ್ಲಿ ರೂಪಿಸಿದ ದಾರಿ ಒಳ್ಳೆಯದು. ಮನುಷ್ಯ ಮಾಡಿದ ವಸ್ತುವನ್ನು ಅದು ಯಾವ ಕೆಲಸಕ್ಕಾಗಿ ಹುಟ್ಟಿತು ಎಂಬುದರ ಮೇಲೆ ವಿಂಗಡಿಸುವುದು ಅದರ ತಿರುಳು. ಅಡುಗೆ, ಬೇಸಾಯ, ಅಳತೆ, ಉಡುಗೆ, ಬರವಣಿಗೆ, ಆಟ, ಆರಾಧನೆ ಇಷ್ಟು ತಲೆಬರಹಗಳಲ್ಲಿ ನಿಮ್ಮ ಕೊಠಡಿಯ ಬಹುಪಾಲು ಮುಗಿಯುತ್ತದೆ.

ಪ್ರದರ್ಶನಕ್ಕೆ ಇದ್ಯಾವುದೂ ಸಾಲುವುದಿಲ್ಲ. ನಿಮ್ಮಲ್ಲಿರುವ ಕಳಸಿಗೆಯನ್ನೇ ತೆಗೆದುಕೊಳ್ಳಿ. ದಾಸ್ತಾನಿನಲ್ಲಿ ಅದು ಮರ. ವರ್ಗೀಕರಣದಲ್ಲಿ ಅಳತೆ. ಗಾಜಿನ ಹಿಂದೆ ‘ಕಳಸಿಗೆ, ಮರ, ಹಳೆಯ ಅಳತೆ’ ಎಂಬ ಚೀಟಿಯೊಂದಿಗೆ ಇಟ್ಟರೆ ಮಕ್ಕಳು ನೋಡಿ ಮುಂದೆ ಹೋಗುತ್ತಾರೆ. ಅದೇ ಕಳಸಿಗೆಯ ಪಕ್ಕದಲ್ಲಿ ಬೈಹುಲ್ಲಿನಲ್ಲಿ ಕಟ್ಟಿದ ಒಂದು ಅಕ್ಕಿಮುಡಿಯನ್ನಿಟ್ಟು, ಮೂರು ಕಳಸಿಗೆಗೆ ಒಂದು ಮುಡಿ ಎಂಬ ಲೆಕ್ಕವನ್ನು ಬರೆದು, ಜೊತೆಗೆ ಒಂದು ಗೇಣಿ ಚೀಟಿಯ ನಕಲನ್ನು ಇಡಿ. ವರ್ಷಕ್ಕೆ ಇಷ್ಟು ಮುಡಿ ಅಕ್ಕಿ ಧಣಿಯ ಮನೆಗೆ ಹೋಗಬೇಕಿತ್ತು, ಅದನ್ನು ಅಳೆದದ್ದು ಧಣಿಯ ಅಂಗಳದಲ್ಲಿ, ಧಣಿಯ ಕಳಸಿಗೆಯಲ್ಲಿ. 1970ರ ಜನವರಿ 1ರಂದು ಕೇರಳದಲ್ಲಿ ಗೇಣಿ ಪದ್ಧತಿ ರದ್ದಾಯಿತು. ಅಳೆದು ಕೊಡುವ ಕೆಲಸವೂ ಮುಗಿಯಿತು. ಈಗ ಅದು ಊರಿನ ಅರ್ಧದಷ್ಟು ಮನೆಗಳ ಚರಿತ್ರೆ. ಆದರೆ ಆ ಚರಿತ್ರೆಯನ್ನು ಯಾರ ಕಡೆಯಿಂದ ಹೇಳುತ್ತೀರಿ? ಹಳೆಯ ವಸ್ತುಗಳು ಹೆಚ್ಚಾಗಿ ಬರುವುದು ದೊಡ್ಡ ಮನೆಗಳಿಂದ, ಏಕೆಂದರೆ ಅಟ್ಟ ಇದ್ದದ್ದು ಅವರಿಗೆ. ಒಕ್ಕಲಿನ ಮನೆಯಲ್ಲಿ ಉಳಿದದ್ದು ಒಂದು ಹಾಳೆಯ ಮುಟ್ಟಾಳೆ, ಮಳೆಗೆ ಹೊದೆಯುವ ಒಂದು ಗೊರಬೆ ಇರಬಹುದು. ಹಾಳೆ, ಎಲೆಗಳು ಬೇಗ ಹಾಳಾಗುತ್ತವೆ, ಹಿತ್ತಾಳೆ ಹಾಳಾಗುವುದಿಲ್ಲ. ಬಂದದ್ದನ್ನಷ್ಟೇ ಜೋಡಿಸಿದರೆ ಊರಿನಲ್ಲಿ ಧಣಿಗಳು ಮಾತ್ರ ಬದುಕಿದ್ದರು ಎಂದು ಮಕ್ಕಳು ತಿಳಿದಾರು. ಆದ್ದರಿಂದ ಬಾರದಿದ್ದುದನ್ನು ನೀವೇ ಹುಡುಕಿಕೊಂಡು ಹೋಗಬೇಕು, ಗೊರಬೆ ನೇಯಬಲ್ಲವರು ಇದ್ದರೆ ಹೊಸದನ್ನೇ ಮಾಡಿಸಬೇಕು, ಅದು ಹೊಸದು ಎಂದು ಬರೆಯಬೇಕು. ಸಂಗ್ರಹವನ್ನು ನೋಡಿಕೊಳ್ಳುವ ಕ್ಯುರೇಟರ್ ಎಂಬವರ ಕೆಲಸದಲ್ಲಿ ನನಗೆ ಎಲ್ಲಕ್ಕಿಂತ ದೊಡ್ಡದೆನಿಸುವುದು ಇದೇ.

ಭೂತದ ಆಯುಧ, ಕಾಲಿಗೆ ಕಟ್ಟುವ ಗಗ್ಗರ, ಮುಗಗಳು (ಮುಖವಾಡಗಳು) ಬಂದಿದ್ದರೆ ಆತುರಪಡಬೇಡಿ. ಉಡುಪಿ ಜಿಲ್ಲೆಯ ಮೆಕ್ಕೆಕಟ್ಟಿನ ಮರದ ಭೂತವಿಗ್ರಹಗಳು ದೆಹಲಿಯ ಕರಕುಶಲ ಸಂಗ್ರಹಾಲಯದಲ್ಲಿ ನಿಂತಿವೆ. ಅಲ್ಲಿ ಅವು ಶಿಲ್ಪ. ನಮ್ಮಲ್ಲಿ ಅವು ಇನ್ನೂ ನೇಮ, ಅಂದರೆ ಭೂತಾರಾಧನೆ, ನಡೆಯುವ ಸ್ಥಾನಕ್ಕೆ ಸೇರಿದವು. ಪವಿತ್ರ ವಸ್ತುಗಳನ್ನು ಆಯಾ ಸಮುದಾಯದ ನಂಬಿಕೆಗೆ ಹೊಂದುವಂತೆಯೇ ತೋರಿಸಬೇಕು ಎಂದು ಅಂತರರಾಷ್ಟ್ರೀಯ ವಸ್ತುಸಂಗ್ರಹಾಲಯ ಮಂಡಳಿಯ ನೀತಿಸಂಹಿತೆ ಹೇಳುತ್ತದೆ. ಕೊಟ್ಟ ಮನೆಯವರನ್ನು ಮಾತ್ರವಲ್ಲ, ಭೂತ ಕಟ್ಟುವ ಮನೆತನದವರನ್ನೂ ಕೇಳಿ. ಅವರು ಬೇಡವೆಂದರೆ ಹಿಂದಕ್ಕೆ ಕೊಟ್ಟುಬಿಡಿ.

ಬರಹದ ಫಲಕಗಳು ಕನ್ನಡದಲ್ಲೂ ಮಲಯಾಳದಲ್ಲೂ ಇರಲಿ. ಒಂದು ವಸ್ತುವಿಗೆ ಐವತ್ತು ಪದ ಸಾಕು, ಐದನೆಯ ತರಗತಿಯ ಮಗು ನಿಂತು ಓದುವ ಎತ್ತರದಲ್ಲಿ. ಕಾಗದ, ಬಟ್ಟೆ, ಓಲೆಗರಿಗಳ ಮೇಲೆ, ಬೆಳಕಿನ ಅಳತೆಯಲ್ಲಿ, 50 ಲಕ್ಸ್‌ಗಿಂತ ಹೆಚ್ಚು ಬೆಳಕು ಬೀಳಬಾರದು. ಕಿಟಕಿಯ ಬಿಸಿಲು ಅದರ ನೂರಾರು ಪಟ್ಟು. ಈ ಕೆಲಸಕ್ಕೆ ಹೊರಡುವ ಮೊದಲು ಬಂಟ್ವಾಳದ ರಾಣಿ ಅಬ್ಬಕ್ಕ ತುಳು ಅಧ್ಯಯನ ಕೇಂದ್ರದ ಸಂಗ್ರಹವನ್ನೂ, ಸಾಧ್ಯವಾದರೆ 1968ರಿಂದ ಇರುವ ಮೈಸೂರು ವಿಶ್ವವಿದ್ಯಾನಿಲಯದ ಜಾನಪದ ವಸ್ತುಸಂಗ್ರಹಾಲಯವನ್ನೂ ಶಿಕ್ಷಕರೆಲ್ಲ ಹೋಗಿ ನೋಡಿ ಬನ್ನಿ.

ಕಾನೂನಿನ ಮಾತು ಕೊನೆಗೆ ಉಳಿಯಿತು. ನೂರು ವರ್ಷ ದಾಟಿದ ಶಿಲ್ಪ, ಮೂರ್ತಿಗಳು 1972ರ ಪ್ರಾಚ್ಯವಸ್ತು ಕಾಯ್ದೆಯೊಳಗೆ ಬರುತ್ತವೆ. ಮಹತ್ವದ ಹಸ್ತಪ್ರತಿಗಳಿಗೆ 75 ವರ್ಷವೇ ಸಾಕು. ನೋಂದಣಿ ಬೇಕೇ ಎಂದು ಪುರಾತತ್ವ ಇಲಾಖೆಯಲ್ಲಿ ವಿಚಾರಿಸಿ. ನೆಲ ಅಗೆದಾಗ ಸಿಕ್ಕಿದ ನಾಣ್ಯಗಳಿದ್ದರೆ ಜಿಲ್ಲಾಧಿಕಾರಿಗೆ ತಿಳಿಸಬೇಕು, ಕೇರಳದಲ್ಲಿ ಅದಕ್ಕೆ 1968ರ ಕಾಯ್ದೆಯೇ ಇದೆ. ಜಿಂಕೆ, ಕಡವೆಯ ಕೊಂಬು, ಹಳೆಯ ಕೋವಿಗಳನ್ನು ಯಾರು ಕೊಟ್ಟರೂ ದಾಖಲೆಪತ್ರ ನೋಡದೆ ತೆಗೆದುಕೊಳ್ಳಬೇಡಿ. ನಿಮ್ಮ ಶಾಲೆಯ ಹಳೆಯ ದಾಖಲಾತಿ ಪುಸ್ತಕ, ಮದ್ರಾಸ್ ಪ್ರಾಂತ್ಯದ ಕಾಲದ್ದು, ಇದ್ದರೆ ಅದು ನಿಮ್ಮ ಸಂಗ್ರಹದ ಅತ್ಯಂತ ಬೆಲೆಯುಳ್ಳ ವಸ್ತು. ಅದರಲ್ಲಿ ಮಕ್ಕಳ ಜಾತಿ, ಶಾಲೆ ಬಿಟ್ಟ ಕಾರಣ ಎಲ್ಲ ಇರುತ್ತದೆ, ಅವರ ಮೊಮ್ಮಕ್ಕಳು ಇಂದು ಅದೇ ಬೆಂಚಿನಲ್ಲಿ ಕುಳಿತಿದ್ದಾರೆ. ಪುಟ ತೆರೆದು ಪ್ರದರ್ಶನಕ್ಕೆ ಇಡಬೇಡಿ. ರಟ್ಟನ್ನು ಮಾತ್ರ ತೋರಿಸಿ, ಪುಟಗಳ ಫೋಟೋ ತೆಗೆದು ಮುಖ್ಯೋಪಾಧ್ಯಾಯರ ಕಪಾಟಿನಲ್ಲಿ ಬೀಗ ಹಾಕಿಡಿ.