ಆಡಿದ ಮಾತು, ಆಡಿದ ಪಾತ್ರ

ಶಿರಸಿಯ ಓದುಗರೊಬ್ಬರ ಪತ್ರ:

"ಕಳೆದ ಸಂಚಿಕೆಯಲ್ಲಿ ಪುಟದ ಅಡಿಗೆ ರಷ್ಯಾದ ನಟಿ ಫೈನಾ ರಾನೆವ್ಸ್ಕಯಾ ಅವರ ಚಟಾಕಿಗಳನ್ನು ಹಾಕಿದ್ದೀರಿ. ಅವುಗಳಲ್ಲಿ ಮೂರು ನನ್ನ ಮೊಬೈಲಿಗೆ ಬೇರೆ ಬೇರೆಯವರ ಹೆಸರಿನಲ್ಲಿ ಬಂದಿವೆ. ನಿಜಕ್ಕೂ ಅವು ಆಕೆಯ ಮಾತುಗಳೇ? ಅಷ್ಟು ದೊಡ್ಡ ನಟಿಯಾಗಿದ್ದರೆ ಸಿನಿಮಾದಲ್ಲಿ ನಾಯಕಿಯಾಗಲಿಲ್ಲವೇಕೆ? ನಾನೂ ಇಪ್ಪತ್ತು ವರ್ಷಗಳಿಂದ ಹವ್ಯಾಸಿ ತಂಡವೊಂದರಲ್ಲಿ ಬಣ್ಣ ಹಚ್ಚುತ್ತಿದ್ದೇನೆ. ಅತ್ತೆ, ಪಕ್ಕದ ಮನೆಯಾಕೆ, ಬಡ್ಡಿಗೆ ಸಾಲ ಕೊಡುವವಳು, ನನ್ನ ಪಾಲಿಗೆ ಇಷ್ಟೇ. ಈ ಸಲವೂ ಐದು ಮಾತಿನ ಪಾತ್ರ. ಚಿಕ್ಕ ಪಾತ್ರವೆಂಬುದೇ ಇಲ್ಲ ಎಂದು ನಿರ್ದೇಶಕರು ಸಮಾಧಾನ ಹೇಳುತ್ತಾರೆ. ನೀವೂ ಅದನ್ನೇ ಹೇಳುತ್ತೀರಾ?"

ಸೋದರಿಯವರಿಗೆ ನಮಸ್ಕಾರ.

ಮೊದಲು ನಮ್ಮ ತಪ್ಪನ್ನು ಒಪ್ಪಿಕೊಳ್ಳುತ್ತೇನೆ. ಆ ಸಾಲುಗಳನ್ನು ಮೂಲ ನೋಡದೆ ಅಚ್ಚು ಮಾಡಿದೆವು. ರಷ್ಯಾದಲ್ಲಿ ಯಾರ ಬಾಯಲ್ಲಿ ಹುಟ್ಟಿದ ಚುರುಕು ಮಾತೇ ಆಗಲಿ, ಕೊನೆಗೆ ಹೋಗಿ ಸೇರುವುದು ರಾನೆವ್ಸ್ಕಯಾ ಅವರ ಖಾತೆಗೆ. ಆಕೆ ತೀರಿಕೊಂಡ ಮೇಲೆ ಅಂಥ ಮಾತುಗಳ ಪುಸ್ತಕಗಳು ಒಂದರ ಹಿಂದೆ ಒಂದು ಬಂದಿವೆ. ಆಕೆಯ ನಾಲಗೆ ಹರಿತವಾಗಿತ್ತು, ಅದು ಸುಳ್ಳಲ್ಲ. ಆದರೆ ಯಾವುದು ಆಕೆಯದು, ಯಾವುದು ಊರಿನದು ಎಂದು ಬೇರ್ಪಡಿಸುವುದು ಈಗ ಕಷ್ಟ. ಆತ್ಮಕಥೆಯಾದರೂ ಇದ್ದಿದ್ದರೆ ಒಂದು ಆಧಾರ ಸಿಗುತ್ತಿತ್ತು. ಪ್ರಕಾಶಕರು ಕೇಳಿದರೆಂದು ಬರೆದರು. ಬರೆದದ್ದನ್ನು ತಾವೇ ಹರಿದು ಹಾಕಿದರು. ಉಳಿದದ್ದು ಚೀಟಿಗಳಲ್ಲಿ, ನೋಟ್‌ಬುಕ್ಕುಗಳಲ್ಲಿ ಗೀಚಿದ ಟಿಪ್ಪಣಿಗಳು ಮಾತ್ರ. ಆ ಟಿಪ್ಪಣಿಗಳಲ್ಲಿ ನಗುವಿಗಿಂತ ಒಂಟಿತನ ಹೆಚ್ಚು.

ಈಗ ಆಕೆಯ ವಿಷಯಕ್ಕೆ ಬರೋಣ. ಹುಟ್ಟಿದ್ದು 1896ರಲ್ಲಿ, ಅಜೋವ್ ಸಮುದ್ರದ ದಡದ ಟಗನ್‌ರೋಗ್‌ನಲ್ಲಿ. ನಾಟಕಕಾರ ಚೆಕಾಫ್ ಹುಟ್ಟಿದ ಊರೂ ಅದೇ. ತಂದೆ ಫೆಲ್ಡ್‌ಮನ್ ಯಹೂದಿ ವರ್ತಕ. ಬಣ್ಣದ ಕಾರ್ಖಾನೆ, ಒಂದು ಹಬೆ ಹಡಗು, ದೊಡ್ಡ ಮನೆ, ಎಲ್ಲವೂ ಇದ್ದವು. ಇಷ್ಟಿದ್ದೂ ಹುಡುಗಿಗೆ ಮಾತು ತೊದಲುತ್ತಿತ್ತು. ರೂಪವತಿಯೂ ಅಲ್ಲ ಎಂಬುದು ಅವಳಿಗೆ ಬೇಗನೇ ತಿಳಿಯಿತು. ಚೆಕಾಫ್ ತೀರಿಕೊಂಡ 1904ರ ಬೇಸಿಗೆಯಲ್ಲಿ ಪತ್ರಿಕೆ ಹಿಡಿದು ಅಳುತ್ತಿದ್ದ ತಾಯಿಯನ್ನು ಆಕೆ ಕೊನೆಯವರೆಗೂ ನೆನಪಿಸಿಕೊಳ್ಳುತ್ತಿದ್ದರು. ನಟಿಯಾಗುತ್ತೇನೆ ಎಂದಾಗ ತಂದೆ ಒಪ್ಪಲಿಲ್ಲ. 1915ರಲ್ಲಿ ಮಾಸ್ಕೋಗೆ ಹೋದವರಿಗೆ ನಾಟಕ ಶಾಲೆಗಳು ಬಾಗಿಲು ತೆರೆಯಲಿಲ್ಲ. ಕೊನೆಗೆ ಊರ ಹೊರಗಿನ ಮಲಾಖೋವ್ಕಾದ ಬೇಸಿಗೆ ರಂಗಮಂದಿರದಲ್ಲಿ ಪುಡಿ ಪಾತ್ರಗಳು ಸಿಕ್ಕವು.

ಹೆಸರು ಬಂದ ಕಥೆ ಬಹಳ ಜನರಿಗೆ ಗೊತ್ತಿದೆ. ಕೆರ್ಚ್ ಊರಿನಲ್ಲಿ ತಾಯಿ ಕಳುಹಿಸಿದ ಹಣವನ್ನು ಪಡೆದು ಹೊರಗೆ ಬರುತ್ತಿದ್ದಾಗ ಗಾಳಿಗೆ ನೋಟುಗಳು ಹಾರಿಹೋದವಂತೆ. ಹಿಡಿಯಲು ಓಡದೆ, ಹಾರುವ ನೋಟುಗಳನ್ನೇ ನೋಡುತ್ತಾ ನಿಂತರಂತೆ. ಜೊತೆಗಿದ್ದವರು, ನೀನು ಥೇಟ್ "ಚೆರಿ ತೋಟ"ದ ರಾನೆವ್ಸ್ಕಯಾ ಎಂದರಂತೆ. ಚೆಕಾಫ್ ನಾಟಕದ ಆ ಯಜಮಾನಿತಿಗೂ ಹಣ ಕೈಯಲ್ಲಿ ನಿಲ್ಲುವುದಿಲ್ಲ. ಆದರೆ ನನ್ನ ಮನಸ್ಸು ತಂಗುವುದು ಇನ್ನೊಂದು ಸಂಗತಿಯಲ್ಲಿ. ನಾಯಕಿಯ ಹೆಸರನ್ನು ತಮ್ಮದಾಗಿಸಿಕೊಂಡ ಈಕೆ ಅದೇ ನಾಟಕದಲ್ಲಿ ಮಾಡಿದ ಪಾತ್ರ ಶಾರ್ಲೊತ್ತಾ: ಮನೆಪಾಠದವಳು, ಜಾದೂ ತೋರಿಸುವವಳು, ತನ್ನ ವಯಸ್ಸೆಷ್ಟೆಂದು ತನಗೇ ಗೊತ್ತಿಲ್ಲದ ಅನಾಥೆ.

ಆ ಪಾತ್ರಕ್ಕೆ ಆಕೆಯನ್ನು ತಿದ್ದಿದವರು ಹಿರಿಯ ನಟಿ ಪಾವ್ಲಾ ವುಲ್ಫ್. 1917ರ ಕ್ರಾಂತಿಯ ಹೊತ್ತಿಗೆ ತಂದೆ ತಾಯಿ ತಮ್ಮ ಹಡಗನ್ನೇ ಹತ್ತಿ ದೇಶ ಬಿಟ್ಟರು. ಇಪ್ಪತ್ತೊಂದರ ಹುಡುಗಿ ಹೋಗಲಿಲ್ಲ. ರಂಗಭೂಮಿಯನ್ನು ಬಿಟ್ಟು ಎಲ್ಲಿಗೆ ಹೋಗುವುದು? ವುಲ್ಫ್ ಆಕೆಯನ್ನು ಮನೆಮಗಳಂತೆ ಇಟ್ಟುಕೊಂಡರು. ಅಂತರ್ಯುದ್ಧದ ವರ್ಷಗಳಲ್ಲಿ ಕ್ರಿಮಿಯಾದಲ್ಲಿ ಬರಗಾಲ. ನಾಟಕಕ್ಕೆ ಹೋಗುವ ದಾರಿಯಲ್ಲೇ ಹಸಿವಿನಿಂದ ಸತ್ತವರು ಕಾಣುತ್ತಿದ್ದರು. ಕವಿ ವೊಲೋಷಿನ್ ಬೆನ್ನಚೀಲದಲ್ಲಿ ಪುಟ್ಟ ಮೀನುಗಳನ್ನು ತಂದುಕೊಡುತ್ತಿದ್ದರು. ಬೇರೆ ಎಣ್ಣೆ ಇಲ್ಲದೆ ಅವನ್ನು ಹರಳೆಣ್ಣೆಯಲ್ಲಿ ಕರಿದು ತಿಂದದ್ದನ್ನು ಆಕೆ ಬರೆದಿಟ್ಟಿದ್ದಾರೆ. ಅಲ್ಲಿಂದ ಮುಂದೆ ಬಾಕು, ಅರ್ಖಾಂಗೆಲ್ಸ್ಕ್, ಸ್ಮೊಲೆನ್ಸ್ಕ್, ಸ್ಟಾಲಿನ್‌ಗ್ರಾಡ್ ಎಂದು ಊರೂರು ಅಲೆತ. ಮಾಸ್ಕೋದಲ್ಲಿ ನಿರ್ದೇಶಕ ತೈರೋವ್ ಅವರ ರಂಗಮಂದಿರದಲ್ಲಿ ಆಡುವ ಹೊತ್ತಿಗೆ 1931.

ಸಿನಿಮಾಕ್ಕೆ ಬಂದಾಗ ವಯಸ್ಸು ಮೂವತ್ತೆಂಟರ ಹತ್ತಿರ. ನಿರ್ದೇಶಕ ಮಿಖಾಯಿಲ್ ರೋಮ್ ಫ್ರೆಂಚ್ ಕಥೆಗಾರ ಮೊಪಾಸಾನ ಕಥೆಯೊಂದನ್ನು 1934ರಲ್ಲಿ ಮೂಕಿ ಚಿತ್ರ ಮಾಡಿದರು. ಈಕೆಯದು ವ್ಯಾಪಾರಿಯ ಹೆಂಡತಿಯ ಪಾತ್ರ. ಮೂಕಿಯಲ್ಲವೇ, ತುಟಿ ಹೇಗೆ ಅಲ್ಲಾಡಿದರೇನು ಎನ್ನಬಹುದಿತ್ತು. ಈಕೆ ಮೂಲ ಕಥೆಯನ್ನು ತರಿಸಿಕೊಂಡು ಮಾತುಗಳನ್ನು ಫ್ರೆಂಚಿನಲ್ಲೇ ಬಾಯಿಪಾಠ ಮಾಡಿ ಕ್ಯಾಮೆರಾ ಎದುರು ಆಡಿದರು. ಕೇಳಿಸದ ಮಾತಿಗೆ ಇಷ್ಟು ಕಷ್ಟಪಟ್ಟವರನ್ನು ನಾನು ಇನ್ನೊಬ್ಬರನ್ನು ಕಂಡಿಲ್ಲ. ಚಿತ್ರೀಕರಣ ನಡೆದದ್ದು ರಾತ್ರಿ ಹೊತ್ತು, ಚಳಿ ಹಿಡಿದ ಸ್ಟುಡಿಯೋದಲ್ಲಿ. ಮುಗಿದ ಮೇಲೆ ಸಹನಟಿಯೊಡನೆ ಗುಡ್ಡ ಹತ್ತಿ, ಇನ್ನು ಸಿನಿಮಾದ ಸಹವಾಸ ಬೇಡ ಎಂದು ಆಣೆ ಇಟ್ಟುಕೊಂಡರು.

ಆಣೆ ನಿಲ್ಲಲಿಲ್ಲ. ದಾರಿ ತಪ್ಪಿದ ಮಗುವೊಂದರ ಕಥೆಯ ಚಿತ್ರದಲ್ಲಿ ಗಂಡನನ್ನು ಗದರಿಸುವ ಹೆಂಗಸಾದರು. "ಮೂಲ್ಯಾ, ನನ್ನ ತಲೆ ಕೆಡಿಸಬೇಡ!" ಎಂಬ ಒಂದು ಮಾತು ದೇಶದ ಬಾಯಿಗೆ ಬಿತ್ತು. ಬೀದಿಯಲ್ಲಿ ಹೋದರೆ ಹುಡುಗರ ಹಿಂಡು ಅದನ್ನೇ ಕೂಗುತ್ತಾ ಬೆನ್ನು ಹತ್ತುತ್ತಿತ್ತು. ಆಕೆಗೆ ಆ ಮಾತೆಂದರೆ ಮೈ ಉರಿಯುತ್ತಿತ್ತು. ಯುದ್ಧಕಾಲದಲ್ಲಿ ತಾಷ್ಕೆಂಟಿಗೆ ಸ್ಥಳಾಂತರಗೊಂಡಿದ್ದಾಗ ಅಲ್ಲೇ ಇದ್ದ ಕವಿ ಅನ್ನಾ ಅಖ್ಮತೋವಾ, ನಮ್ಮೆಲ್ಲರಿಗೂ ಒಬ್ಬೊಬ್ಬ ಮೂಲ್ಯಾ ಇದ್ದಾನೆ ಎಂದು ಸಂತೈಸಿದರು. ಅಖ್ಮತೋವಾ ಅವರಿಗೂ ಹಾಗೆಯೇ, ಎಳೆಯ ವಯಸ್ಸಿನಲ್ಲಿ ಬರೆದ ಒಂದು ಕವಿತೆ ಕೊರಳಿಗೆ ಗಂಟುಬಿದ್ದಿತ್ತು.

ನಾಯಕಿಯಾಗಲಿಲ್ಲವೇಕೆ ಎಂಬ ನಿಮ್ಮ ಪ್ರಶ್ನೆಗೆ ಮುಖವೇ ಕಾರಣ ಎಂದು ಹೇಳಿ ಮುಗಿಸಿಬಿಡಬಹುದು. ಅದು ಅರ್ಧ ಸತ್ಯ. ನಿರ್ದೇಶಕ ಐಸೆನ್‌ಸ್ಟೈನ್ ತಮ್ಮ "ಇವಾನ್ ದಿ ಟೆರಿಬಲ್" ಚಿತ್ರದ ಯೆಫ್ರೋಸಿನ್ಯಾ ಪಾತ್ರಕ್ಕೆ ಈಕೆಯೇ ಬೇಕೆಂದು ಹಟ ಹಿಡಿದಿದ್ದರು. ಮಗನನ್ನು ಸಿಂಹಾಸನಕ್ಕೆ ಏರಿಸಲು ಹೊಂಚುವ ರಾಜಮನೆತನದ ಹೆಂಗಸು, ಚಿತ್ರದ ದೊಡ್ಡ ಪಾತ್ರಗಳಲ್ಲೊಂದು. ಸಿನಿಮಾ ಇಲಾಖೆಯ ಮುಖ್ಯಸ್ಥ ಬೊಲ್ಷಕೋವ್ 1942ರ ಅಕ್ಟೋಬರಿನಲ್ಲಿ ಮೇಲಿನವರಿಗೆ ಪತ್ರ ಬರೆದರು: ಈಕೆಯ ಯಹೂದಿ ಚಹರೆ ಎದ್ದು ಕಾಣುತ್ತದೆ, ಹತ್ತಿರದ ಷಾಟ್‌ಗಳಲ್ಲಂತೂ ಇನ್ನೂ ಹೆಚ್ಚು, ಆದ್ದರಿಂದ ಬೇಡ. ಪಾತ್ರ ಸೆರಾಫಿಮಾ ಬಿರ್ಮನ್ ಅವರಿಗೆ ಹೋಯಿತು. ಅದೇ ಸರ್ಕಾರ ಮುಂದೆ ಈಕೆಗೆ ಮೂರು ಸಲ ಸ್ಟಾಲಿನ್ ಪ್ರಶಸ್ತಿ ಕೊಟ್ಟಿತು, 1961ರಲ್ಲಿ ಸೋವಿಯತ್ ಒಕ್ಕೂಟದ ಜನಕಲಾವಿದೆ ಎಂಬ ಬಿರುದನ್ನೂ ಕೊಟ್ಟಿತು. ಪದಕಗಳು ಬಂದವು, ಆ ಪಾತ್ರ ಬರಲಿಲ್ಲ.

ಕೊಟ್ಟಷ್ಟರಲ್ಲಿ ಏನು ಮಾಡಿದರು ಎಂಬುದಕ್ಕೆ ಎರಡು ದೃಶ್ಯಗಳನ್ನು ಹೇಳುತ್ತೇನೆ. ಒಂದು, 1942ರ "ಅಲೆಕ್ಸಾಂಡರ್ ಪರ್ಖೊಮೆಂಕೊ" ಚಿತ್ರದ್ದು. ಹೋಟೆಲಿನಲ್ಲಿ ಪಿಯಾನೊ ಬಾರಿಸುವ ಹೆಂಗಸು. ಬರೆದುಕೊಟ್ಟ ಪಾತ್ರದಲ್ಲಿ ಹೆಚ್ಚೇನೂ ಇರಲಿಲ್ಲ. ಈಕೆ ಬಾರಿಸುತ್ತಾರೆ, ಹಳದಿ ಎಲೆಗಳ ಮೇಲಿನ ವಿರಹದ ಹಾಡನ್ನು ಹಾಡುತ್ತಾರೆ, ಹಾಡುತ್ತಲೇ ಸಿಗರೇಟು ಸೇದುತ್ತಾರೆ, ನಡುನಡುವೆ ಏನನ್ನೋ ಬಾಯಿಗೆ ಹಾಕಿಕೊಂಡು ಅಗಿಯುತ್ತಾರೆ. ಕೈ ಬೇಸತ್ತಿದೆ, ಹೊಟ್ಟೆ ಹಸಿದಿದೆ, ಗಂಟಲು ಮಾತ್ರ ಪ್ರೇಮದ ನೋವಿನಲ್ಲಿದೆ. ಈ ಹೆಂಗಸು ನಿನ್ನೆ ಎಲ್ಲಿದ್ದಳು, ಇಲ್ಲಿಗೆ ಹೇಗೆ ಬಂದಳು ಎಂಬುದೆಲ್ಲ ಆ ಒಂದು ನಿಮಿಷದೊಳಗೆ ನಿಮಗೆ ಗೊತ್ತಾಗಿಬಿಡುತ್ತದೆ.

ಇನ್ನೊಂದು ಮಾಸ್ಕೋದ ಮೊಸ್ಸೊವೆತ್ ರಂಗಮಂದಿರದ್ದು. "ಬಿರುಗಾಳಿ" ಎಂಬ ಕ್ರಾಂತಿಯ ನಾಟಕದಲ್ಲಿ ಕಾಳಸಂತೆಯ ಮಾನ್ಕಾಳನ್ನು ವಿಚಾರಣೆಗೆ ಕರೆತರುತ್ತಾರೆ. ಒಂದೇ ಪ್ರವೇಶ. ಅದರ ಮಾತುಗಳಲ್ಲಿ ಹೆಚ್ಚಿನವನ್ನು ಈಕೆಯೇ ಬರೆದುಕೊಂಡರು, ನಾಟಕಕಾರ ಒಪ್ಪಿಕೊಂಡರು. ಅಧಿಕಾರಿ ಏನು ಕೇಳಿದರೂ "ಷೊ ಗ್ರಿತೆ?" ಎನ್ನುತ್ತಾಳೆ ಮಾನ್ಕಾ. "ಏನು ಹೇಳುತ್ತೀರಿ?" ಎಂಬುದು ಅವಳ ಆಡುನುಡಿಯಲ್ಲಿ ನುಗ್ಗಾಗಿ ಹೀಗಾಗಿದೆ. ಕೇಳಿಸದವಳಂತೆ ಒಮ್ಮೆ, ಅವಮಾನವಾದವಳಂತೆ ಒಮ್ಮೆ, ಸುಳ್ಳು ಹೊಸೆಯಲು ಸಮಯ ಬೇಕಾದವಳಂತೆ ಇನ್ನೊಮ್ಮೆ. ಜನ ಈ ದೃಶ್ಯಕ್ಕಾಗಿಯೇ ಬಂದು, ಅದು ಮುಗಿದೊಡನೆ ಎದ್ದು ಹೋಗತೊಡಗಿದರು. ನಿಮ್ಮ ಸೀಮೆಯವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಹಾಸ್ಯಗಾರರ ಪ್ರವೇಶ ಮುಗಿಯುತ್ತಲೇ ಚಾಪೆ ಮಡಚಿಕೊಂಡು ಹೊರಡುವವರನ್ನು ಆಟದ ಬಯಲಿನಲ್ಲಿ ನೀವೂ ನೋಡಿರುತ್ತೀರಿ. ಕೊನೆಗೆ ನಿರ್ದೇಶಕ ಜವಾದ್‌ಸ್ಕಿ ಆ ದೃಶ್ಯವನ್ನೇ ನಾಟಕದಿಂದ ತೆಗೆದುಹಾಕಿದರು. ನಾಟಕದ ಹದ ಕೆಡುತ್ತದೆ ಎಂಬ ಅವರ ಕಷ್ಟ ನನಗೆ ಅರ್ಥವಾಗುತ್ತದೆ. ಆದರೂ ಅದು ಅನ್ಯಾಯ. ಅಂಥ ನಟಿಗೆ ಒಂದು ಇಡೀ ನಾಟಕವನ್ನೇ ಕೊಡಬೇಕಿತ್ತು.

ಆದ್ದರಿಂದ, ಸೋದರಿ, ಚಿಕ್ಕ ಪಾತ್ರವೆಂಬುದೇ ಇಲ್ಲ ಎಂದು ನಾನು ಹೇಳಲಾರೆ. ಇದೆ. ರಾನೆವ್ಸ್ಕಯಾ ಅವರಿಗೆ ಅದು ಚೆನ್ನಾಗಿ ಗೊತ್ತಿತ್ತು. ತಮಗೆ ದಕ್ಕದೆ ಹೋದ ಪಾತ್ರಗಳನ್ನು ನೆನೆದು ಕೊನೆಯವರೆಗೂ ಕೊರಗಿದರು. ಆ ಕೊರಗು ಅಹಂಕಾರವಲ್ಲ. ಹಸಿದವರಿಗೆ ಅರ್ಧ ರೊಟ್ಟಿ ಕೊಟ್ಟು, ರೊಟ್ಟಿಯಲ್ಲಿ ಚಿಕ್ಕದು ದೊಡ್ಡದು ಎಂಬುದಿಲ್ಲ ಎಂದರೆ ಹೇಗೆ? ಐದು ಮಾತಿನ ಪಾತ್ರ ಸಿಕ್ಕಿತೆಂಬ ನಿಮ್ಮ ಬೇಸರವೂ ನ್ಯಾಯವಾದದ್ದೇ. ನಿರ್ದೇಶಕರ ಎದುರೇ ಅದನ್ನು ಹೇಳಿ.

ದೊಡ್ಡದು ಸಿಕ್ಕಾಗ ಆಕೆ ಏನು ಮಾಡಿದರು ಎಂಬುದಕ್ಕೂ ಸಾಕ್ಷಿ ಉಳಿದಿದೆ. ರೋಮ್ ಅವರ "ಕನಸು" ಚಿತ್ರದಲ್ಲಿ ಬಾಡಿಗೆ ಕೋಣೆಗಳ ಮನೆ ನಡೆಸುವ ರೋಜಾ ಸ್ಕೊರೊಖೋದ್ ಆಕೆಗೆ ಸಿನಿಮಾ ಕೊಟ್ಟ ಅತಿ ತುಂಬಿದ ಪಾತ್ರ. ಯುದ್ಧದಿಂದಾಗಿ ತಡವಾಗಿ 1943ರಲ್ಲಿ ತೆರೆಕಂಡಿತು. ಸಿಂಡ್ರೆಲಾಳ ಮಲತಾಯಿಯಾಗಿ, "ಅಯ್ಯೋ, ರಾಜ್ಯ ತೀರಾ ಚಿಕ್ಕದು, ನನಗೆ ಕೈ ಬೀಸಲೂ ಜಾಗವಿಲ್ಲ" ಎಂದದ್ದು 1947ರಲ್ಲಿ. ಆದರೆ ಒಂದನ್ನೇ ನೋಡುವುದಾದರೆ "ಮುಂದೆ ಮೌನ" ನೋಡಿ. ನಿರ್ದೇಶಕ ಎಫ್ರೋಸ್ 1969ರಲ್ಲಿ ರಂಗಕ್ಕೆ ತಂದ ಈ ನಾಟಕದ ದೂರದರ್ಶನ ಮುದ್ರಣ 1978ರದು. ಆಗ ಆಕೆಗೆ ಎಂಬತ್ತು ದಾಟಿತ್ತು. ಮುದಿ ದಂಪತಿಯ ಮನೆ ಕೈತಪ್ಪಿದೆ. ಇಬ್ಬರನ್ನೂ ಒಟ್ಟಿಗೆ ಇಟ್ಟುಕೊಳ್ಳಲು ಮಕ್ಕಳು ಯಾರೂ ತಯಾರಿಲ್ಲ. ಅಪ್ಪ ಒಂದು ಕಡೆ, ಅಮ್ಮ ಒಂದು ಕಡೆ. ಗಂಡನಾಗಿ ರೊಸ್ತಿಸ್ಲಾವ್ ಪ್ಲ್ಯಾತ್. ತನ್ನನ್ನು ವೃದ್ಧಾಶ್ರಮಕ್ಕೆ ಕಳುಹಿಸುತ್ತಾರೆಂಬುದು ಗಂಡನಿಗೆ ಗೊತ್ತಾಗಕೂಡದು ಎಂದು ಆ ತಾಯಿ ಮಗನಿಂದ ಮಾತು ತೆಗೆದುಕೊಳ್ಳುತ್ತಾಳೆ. ಕೊನೆಯ ಬೀಳ್ಕೊಡುಗೆಯಲ್ಲಿ ಎಲ್ಲವೂ ಸರಿಯಾಗಿದೆ ಎಂಬಂತೆ ಮಾತಾಡುತ್ತಾಳೆ. ಆ ದಪ್ಪ ದನಿ ಎತ್ತರಿಸುವುದಿಲ್ಲ, ನಡುಗುವುದೂ ಇಲ್ಲ. ನನಗೆ ರಷ್ಯನ್ ಬಾರದು. ಅಡಿಬರಹ ಓದುವುದನ್ನು ಅಲ್ಲಿ ನಿಲ್ಲಿಸಿಬಿಟ್ಟೆ.

ಆಕೆಯ ಸ್ವಂತ ಮನೆಯಲ್ಲಿ ಗಂಡ ಮಕ್ಕಳು ಇರಲಿಲ್ಲ. 1960ರಲ್ಲಿ ಅಕ್ಕ ಇಸಾಬೆಲ್ಲಾ ಹೊರದೇಶದಿಂದ ಮರಳಿ ಬಂದು ಜೊತೆಗೂಡಿದರು. ನಾಲ್ಕೇ ವರ್ಷಕ್ಕೆ ತೀರಿಕೊಂಡರು. ಆಮೇಲೆ ಬೀದಿಯಿಂದ ಬಂದ ಒಂದು ನಾಯಿಯೇ ಸಂಗಾತಿ. ಕೊನೆಯ ಸಲ ರಂಗ ಏರಿದ್ದು 1982ರ ಅಕ್ಟೋಬರಿನಲ್ಲಿ, ಒಸ್ತ್ರೋವ್‌ಸ್ಕಿಯ ನಾಟಕದ ಮುದಿ ದಾದಿಯಾಗಿ. 1984ರ ಜುಲೈ 19ರಂದು ನಿಧನರಾದರು. ಮಾಸ್ಕೋದ ದೊನ್‌ಸ್ಕೋಯ್ ಸ್ಮಶಾನದಲ್ಲಿ ಅಕ್ಕನ ಪಕ್ಕದಲ್ಲೇ ಮಣ್ಣು ಮಾಡಿದ್ದಾರೆ.

ಮುಂದಿನ ಸಂಚಿಕೆಯಲ್ಲಿ ಆ ಚಟಾಕಿಗಳನ್ನು ಹಿಂತೆಗೆದುಕೊಂಡಿದ್ದೇವೆಂದು ಅದೇ ಜಾಗದಲ್ಲಿ, ಅದೇ ಅಕ್ಷರಗಳಲ್ಲಿ ಅಚ್ಚು ಮಾಡುತ್ತೇವೆ. ನಿಮ್ಮ ನಾಟಕದ ತಾರೀಖು, ಸ್ಥಳ ತಿಳಿಸಿ. ನಾನು ಬರುತ್ತೇನೆ. ಆ ಸಾಲ ಕೊಡುವವಳು ಬಾಗಿಲಿಗೆ ಬರುವ ಮುಂಚೆ ಆ ದಿನ ಎಷ್ಟು ಮನೆಗಳಿಗೆ ಹೋಗಿ ಬರಿಗೈಯಲ್ಲಿ ಬಂದಿದ್ದಾಳೆ ಎಂಬುದನ್ನು ನಿಮ್ಮ ಮೊದಲ ಮಾತಿನಲ್ಲೇ ಕೇಳಬೇಕೆಂಬ ಆಸೆ ನನಗಿದೆ.

ಸಂಪಾದಕ