ಕುತ್ತಿಗೆಯ ಟ್ಯೂಬಿನ ಬಲೂನಿಗೆ ಎಷ್ಟು ಗಾಳಿ ಸಾಕು?

ಐಸಿಯು ಸಿಸ್ಟರ್ ಆಗಿದ್ದು ನಿವೃತ್ತಿಯಾದ ಮೇಲೆ ಈ ಅಂಕಣ ಬರೆಯುತ್ತಿದ್ದೇನೆ. ಈ ಸಲ ಬಂದ ಪತ್ರಗಳಲ್ಲಿ ಟ್ರೆಕಿಯಾಸ್ಟಮಿ ಟ್ಯೂಬಿನ, ಅಂದರೆ ಉಸಿರಾಟಕ್ಕೆಂದು ಕುತ್ತಿಗೆಯಲ್ಲಿ ತೂತು ಮಾಡಿ ಶ್ವಾಸನಾಳಕ್ಕೆ ಇಳಿಸುವ ಕೊಳವೆಯ ಪ್ರಶ್ನೆಗಳೇ ಜಾಸ್ತಿ. ಬಿಪಿ, ಶುಗರ್ ಬಗ್ಗೆ ಬರೆದವರು ಮುಂದಿನ ಸಂಚಿಕೆವರೆಗೆ ಕಾಯಬೇಕು.

ಪ್ರಶ್ನೆ: ಸಿಸ್ಟರ್, ನಮ್ಮ ತಂದೆಗೆ 64 ವರ್ಷ. ಸ್ಟ್ರೋಕ್ ಆಗಿ ಆಸ್ಪತ್ರೆಯಲ್ಲಿದ್ದರು. ಈಗ ಕುತ್ತಿಗೆಯಲ್ಲಿ ಟ್ಯೂಬ್ ಇರುವಾಗಲೇ ಮನೆಗೆ ಕರೆದುಕೊಂಡು ಬಂದಿದ್ದೇವೆ. ವೆಂಟಿಲೇಟರ್ ಇಲ್ಲ. ಬಲೂನಿಗೆ 10 ಎಂಎಲ್ ಗಾಳಿ ಹಾಕಿ ಅಂತ ಹೇಳಿ ಕಳಿಸಿದರು. ನನ್ನ ತಮ್ಮ ದಿನಾ ಬೆಳಿಗ್ಗೆ ಹೊರಗಿನ ಬಲೂನು ಒತ್ತಿ ನೋಡುತ್ತಾನೆ. ಮೆತ್ತಗಿದೆ ಅನ್ನಿಸಿದರೆ ಸಿರಿಂಜಿನಲ್ಲಿ ಇನ್ನೆರಡು ಎಂಎಲ್ ಹಾಕುತ್ತಾನೆ. ಇದು ಸರೀನಾ?
— ಓದುಗರೊಬ್ಬರು, ಹಾಸನ ಜಿಲ್ಲೆ

ಉತ್ತರ: ಸರಿಯಲ್ಲ. ಇವತ್ತೇ ನಿಲ್ಲಿಸಲಿ. ಆದರೆ ತಮ್ಮನನ್ನು ಬೈಯಬೇಡಿ, ಆತ ಪ್ರೀತಿಯಿಂದಲೇ ಮಾಡುತ್ತಿದ್ದಾನೆ. ಅರ್ಧ ಮಾತು ಹೇಳಿ ಮನೆಗೆ ಕಳಿಸಿದವರ ಮೇಲೆ ನನಗೆ ಸಿಟ್ಟು.

ಟ್ಯೂಬಿನ ಒಳತುದಿಯ ಸುತ್ತ ಇರುವ ಬಲೂನಿಗೆ ಕಫ್ ಅನ್ನುತ್ತಾರೆ. ಹೊರಗೆ ಸಣ್ಣ ಕೊಳವೆಯಲ್ಲಿ ಜೋತಾಡುವುದು ಪೈಲಟ್ ಬಲೂನು. ಎರಡರ ಒಳಗೂ ಇರುವುದು ಒಂದೇ ಗಾಳಿ. ಲೆಕ್ಕಕ್ಕೆ ಬರುವುದು ಎಷ್ಟು ಎಂಎಲ್ ಹಾಕಿದಿರಿ ಅನ್ನುವುದಲ್ಲ, ಒಳಗೆ ಎಷ್ಟು ಒತ್ತಡ ಇದೆ ಅನ್ನುವುದು. ಟ್ಯೂಬಿನ ಸೈಜ್ ಬೇರೆ, ಒಬ್ಬೊಬ್ಬರ ಶ್ವಾಸನಾಳದ ಅಗಲ ಬೇರೆ. ಹಾಗಾಗಿ 10 ಎಂಎಲ್ ಒಬ್ಬರಿಗೆ ಸಾಲದು, ಇನ್ನೊಬ್ಬರಿಗೆ ವಿಪರೀತ.

ದೊಡ್ಡವರಿಗೆ ಈ ಒತ್ತಡ 20ರಿಂದ 30 ಸೆಂಟಿಮೀಟರ್ ನೀರಿನಷ್ಟು (ಅಷ್ಟು ಎತ್ತರ ನಿಂತ ನೀರು ಒತ್ತುವಷ್ಟು) ಇರಬೇಕು. ನಾನು 25ಕ್ಕೆ ಇಡಿ ಅನ್ನುತ್ತೇನೆ. 20ಕ್ಕಿಂತ ಕೆಳಗಿಳಿದರೆ ಎಂಜಲು, ಕಫ ಎಲ್ಲ ಕಫ್‌ನ ಪಕ್ಕದಿಂದ ಇಳಿದು ಶ್ವಾಸಕೋಶ ಸೇರುತ್ತದೆ, ನ್ಯುಮೋನಿಯಾಗೆ ದಾರಿ. 30 ದಾಟಿದರೆ ಶ್ವಾಸನಾಳದ ಒಳಪೊರೆಯ ರಕ್ತದ ಓಟ ಕಡಿಮೆಯಾಗುತ್ತದೆ. 1984ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ ಎಂಡೋಸ್ಕೋಪ್ (ಒಳಗೆ ನೋಡುವ ಕೊಳವೆ) ಇಳಿಸಿ ಇದನ್ನು ಕಣ್ಣಾರೆ ನೋಡಿದ್ದಾರೆ. 30ರ ಮೇಲೆ ಪೊರೆ ಬಿಳಿಚಿಕೊಳ್ಳತೊಡಗುತ್ತದೆ, 50ರ ಹೊತ್ತಿಗೆ ಕಫ್ ಒತ್ತಿದ ಕಡೆ ರಕ್ತವೇ ಹರಿಯುವುದಿಲ್ಲ. ಹೀಗೇ ದಿನಗಟ್ಟಲೆ ಬಿಟ್ಟರೆ ಅಲ್ಲಿ ಹುಣ್ಣಾಗುತ್ತದೆ. ಹುಣ್ಣು ಮಾಯುವಾಗ ಗಾಯದ ಕಲೆ ಬಿಗಿದು ನಾಳ ಕಿರಿದಾಗಬಹುದು. ಇಲ್ಲವೇ ಗೋಡೆ ಸಡಿಲವಾಗಬಹುದು. ಶ್ವಾಸನಾಳದ ಹಿಂಬದಿಯಲ್ಲಿ ಗಟ್ಟಿ ಉಂಗುರ ಇಲ್ಲ, ಮೆತ್ತನೆ ಗೋಡೆ. ಅದರ ಬೆನ್ನಿಗೇ ಅನ್ನನಾಳ. ಎರಡರ ನಡುವೆ ತೂತಾದರೆ ಸಕ್ಷನ್ ಮಾಡುವಾಗ (ಯಂತ್ರದ ಕೊಳವೆಯಿಂದ ಕಫ ಎಳೆದು ತೆಗೆಯುವಾಗ) ಹಾಲು, ಗಂಜಿ ಬರುತ್ತದೆ. ಅಂಥದ್ದು ಕಂಡರೆ ಆ ಕ್ಷಣವೇ ಆಹಾರ ನಿಲ್ಲಿಸಿ ಆಸ್ಪತ್ರೆಗೆ ಹೊರಡಿ.

ಈಗ ಬೆರಳಿನ ವಿಚಾರ. ನಾವು ಕೆಲಸಕ್ಕೆ ಸೇರಿದ ಕಾಲದಲ್ಲಿ ಪೈಲಟ್ ಬಲೂನು ಕಿವಿಯ ಹಾಲೆಯಷ್ಟು ಮೆತ್ತಗಿರಬೇಕು ಅಂತ ಹೇಳಿಕೊಡುತ್ತಿದ್ದರು. ವಾರ್ಡಿಗೆ ಕಫ್‌ನ ಒತ್ತಡ ಅಳೆಯುವ ಮೀಟರ್ ಬಂದ ಮೇಲೆ ಗೊತ್ತಾಯಿತು, ಆ ‘ಮೆತ್ತಗೆ’ ಒಬ್ಬೊಬ್ಬರ ಕೈಯಲ್ಲಿ ಒಂದೊಂದು. ನುರಿತ ಅರಿವಳಿಕೆ ಡಾಕ್ಟರ ಬೆರಳೂ ಇದರಲ್ಲಿ ಮೋಸ ಹೋಗುತ್ತದೆ. ನಿಮ್ಮ ತಮ್ಮನದು ಯಾವ ಲೆಕ್ಕ?

ಸರ್ಜಿಕಲ್ ಅಂಗಡಿಯಲ್ಲಿ ‘ಕಫ್ ಪ್ರೆಷರ್ ಮಾನೋಮೀಟರ್’ ಅಂತ ಕೇಳಿ. ಕೆಲವು ಸಾವಿರ ರೂಪಾಯಿ ಆಗುತ್ತದೆ, ಒಪ್ಪುತ್ತೇನೆ. ಕಫ್ ಉಬ್ಬಿಸಿಯೇ ಇಡಬೇಕಾದ ರೋಗಿ ಮನೆಯಲ್ಲಿದ್ದರೆ ಅದು ಬೇಕೇ ಬೇಕು. ಬಿಪಿ ಮೀಟರನ್ನು ತಿರುಚಿ ಜೋಡಿಸುವ ಸಾಹಸ ಬೇಡ. ನೋಡುವ ಕ್ರಮ ಹೀಗೆ: ಅಪ್ಪನ ತಲೆ ಕಡೆ ಹಾಸಿಗೆ 30ರಿಂದ 45 ಡಿಗ್ರಿ ಎತ್ತಿರಲಿ. ಮೊದಲು ಬಾಯಿ, ಗಂಟಲು ಸಕ್ಷನ್ ಮಾಡಿ. ಕೆಮ್ಮುವಾಗ ಮುಳ್ಳು ಸುಮ್ನೆ ಮೇಲಕ್ಕೆ ಹಾರುತ್ತದೆ, ಅದನ್ನು ನಂಬಬೇಡಿ. ಉಸಿರು ಸಮಾಧಾನಕ್ಕೆ ಬಂದ ಮೇಲೆ ನೋಡಿ. ಇನ್ನೊಂದು ಸೂಕ್ಷ್ಮ ಇದೆ. ಮೀಟರ್ ಸಿಕ್ಕಿಸಿದ ಕೂಡಲೇ ಕಫ್‌ನ ಒಂದಿಷ್ಟು ಗಾಳಿ ಮೀಟರಿನ ಕೊಳವೆಗೆ ಹೋಗುತ್ತದೆ. ಹಾಗಾಗಿ ಬರೀ ನೋಡಿ ತೆಗೆಯಬೇಡಿ, ಪ್ರತಿ ಸಲ ಮುಳ್ಳನ್ನು 25ಕ್ಕೆ ತಂದು ನಿಲ್ಲಿಸಿ ಆಮೇಲೆ ತೆಗೆಯಿರಿ. ಎಂಟು ಗಂಟೆಗೊಮ್ಮೆ ಸಾಕು. ಸ್ನಾನ ಮಾಡಿಸಿದ, ಮಗ್ಗುಲು ಬದಲಿಸಿದ ಮೇಲೆ ಇನ್ನೊಮ್ಮೆ ನೋಡಿ. ಒಂದು ನೋಟ್‌ಬುಕ್ಕಿನಲ್ಲಿ ಬರೆದಿಡಿ. ಅಂದಹಾಗೆ, ಕೆಲವು ಸಿಲಿಕೋನ್ ಟ್ಯೂಬುಗಳ ಕಫ್‌ಗೆ ಹಾಕುವುದು ಗಾಳಿಯಲ್ಲ, ಸ್ಟರೈಲ್ ನೀರು. ಅದಕ್ಕೆ ಈ ಲೆಕ್ಕ ಬರುವುದಿಲ್ಲ. ನಿಮ್ಮ ಟ್ಯೂಬ್ ಯಾವುದು ಅಂತ ಡಿಸ್ಚಾರ್ಜ್ ಚೀಟಿ ನೋಡಿ ಖಚಿತಪಡಿಸಿಕೊಳ್ಳಿ.

ನನಗೆ ಚಿಂತೆ ಹತ್ತಿದ್ದು ‘ದಿನಾ ಎರಡು ಎಂಎಲ್’ ಅನ್ನುವ ಮಾತಿಗೆ. ದಿನಾ ಗಾಳಿ ಕಡಿಮೆಯಾಗುತ್ತಿದ್ದರೆ ಅದಕ್ಕೊಂದು ಕಾರಣ ಇರಲೇಬೇಕು. ಪೈಲಟ್ ಬಲೂನಿನ ವಾಲ್ವ್ ಸೋರುತ್ತಿರಬಹುದು, ಕಫ್‌ನಲ್ಲಿ ಸಣ್ಣ ತೂತಿರಬಹುದು, ಟ್ಯೂಬ್ ಜಾಗ ಬಿಟ್ಟಿರಬಹುದು. ಸೋರಿಕೆಯೇ ಇಲ್ಲದೆ ಬರೀ ಬೆರಳಿನ ಅಂದಾಜಿನಲ್ಲಿ ಹಾಕುತ್ತಾ ಬಂದಿದ್ದರೆ ಇಷ್ಟು ಹೊತ್ತಿಗೆ ಒತ್ತಡ ಎಲ್ಲಿಗೆ ಮುಟ್ಟಿದೆಯೋ! ಎರಡರಲ್ಲಿ ಯಾವುದಾದರೂ ಸರಿ, ಈ ವಾರವೇ ತೋರಿಸಿ.

ತೋರಿಸಿದಾಗ ಇಎನ್‌ಟಿ ಡಾಕ್ಟರನ್ನು ಒಂದು ಪ್ರಶ್ನೆ ಕೇಳಿ: ‘ಅಪ್ಪನಿಗೆ ಕಫ್ ಇನ್ನೂ ಬೇಕಾ?’ ಟ್ಯೂಬ್ ಬೇಕು ಅಂದ ಮಾತ್ರಕ್ಕೆ ಕಫ್ ಉಬ್ಬಿರಬೇಕು ಅಂತಿಲ್ಲ. ವೆಂಟಿಲೇಟರ್ ಬಿಟ್ಟಿದ್ದು, ಎಂಜಲು ನುಂಗಿ ಕೆಮ್ಮಿ ಹೊರಹಾಕುವ ಶಕ್ತಿ ಬಂದಿದ್ದರೆ ಕಫ್ ಇಲ್ಲದ ಟ್ಯೂಬಿಗೆ ಬದಲಾಯಿಸಬಹುದು. ಡಿಸ್ಚಾರ್ಜ್ ದಿನವೇ ಕೇಳಬೇಕಿದ್ದ ಪ್ರಶ್ನೆ ಇದು, ಯಾರೂ ಕೇಳುವುದಿಲ್ಲ. ‘ಕಫ್ ಇದೆಯಲ್ಲ, ಇನ್ನು ಬಾಯಿಗೆ ಗಂಜಿ ಕೊಡಬಹುದು’ ಅಂತ ಮಾತ್ರ ಅಂದುಕೊಳ್ಳಬೇಡಿ. ಕಫ್‌ನ ಮಡಿಕೆಗಳ ಸಂದಿನಲ್ಲಿ ನೀರಾದದ್ದು ನಿಧಾನಕ್ಕೆ ಇಳಿದೇ ಇಳಿಯುತ್ತದೆ. ಜಾಸ್ತಿ ಉಬ್ಬಿಸಿದರೆ ಹಿಂದಿನ ಅನ್ನನಾಳವನ್ನೂ ಒತ್ತಿ ನುಂಗುವುದು ಇನ್ನೂ ಕಷ್ಟ.

ಪ್ರಶ್ನೆ: ಅಮ್ಮನಿಗೆ ಟ್ಯೂಬ್ ಹಾಕಿದ ಮೇಲೆ ದನಿಯೇ ಇಲ್ಲ. ಅಮೆರಿಕದಲ್ಲಿರುವ ಭಾವ ಮಾತಾಡಲು ಸಹಾಯವಾಗುವ ವಾಲ್ವ್ ತಂದುಕೊಟ್ಟಿದ್ದಾರೆ. ಟ್ಯೂಬಿನ ಬಾಯಿಗೆ ನಾವೇ ಹಾಕಬಹುದಾ?
— ಓದುಗರೊಬ್ಬರು, ಶಿರಸಿ

ಉತ್ತರ: ಅಕ್ಕ, ನಿಮ್ಮಷ್ಟಕ್ಕೆ ನೀವೇ ಹಾಕಬೇಡಿ. ಕಾರಣ ಕೇಳಿ. ಆ ವಾಲ್ವ್ ಉಸಿರನ್ನು ಒಳಗೆ ಬಿಡುತ್ತದೆ, ಹೊರಗೆ ಬಿಡುವುದಿಲ್ಲ. ಹೊರಹೋಗುವ ಉಸಿರು ಟ್ಯೂಬಿನ ಪಕ್ಕದಿಂದ ಮೇಲೆ ಹೋಗಿ ಧ್ವನಿಪೆಟ್ಟಿಗೆ ದಾಟಬೇಕು, ಆಗಲೇ ಮಾತು. ಕಫ್ ಉಬ್ಬಿದ್ದರೆ ಆ ದಾರಿ ಮುಚ್ಚಿರುತ್ತದೆ. ಒಳಗೆ ಹೋದ ಉಸಿರಿಗೆ ಹೊರಬರಲು ಜಾಗವೇ ಇಲ್ಲ. ಕೆಲವೇ ಉಸಿರಿನಲ್ಲಿ ಮನುಷ್ಯ ಒದ್ದಾಡುತ್ತಾನೆ, ಜೀವ ಹೋಗುವ ಅಪಾಯ. ವಾಲ್ವ್ ಹಾಕುವ ಮೊದಲು ಕಫ್ ಪೂರ್ತಿ ಖಾಲಿಯಾಗಿರಬೇಕು. ಅರ್ಧ ಅಲ್ಲ, ಪೂರ್ತಿ. ಟ್ಯೂಬಿನ ಬಾಯಿ ಮುಚ್ಚುವ ಕ್ಯಾಪ್‌ಗೂ ಇದೇ ಮಾತು. ಸ್ಪಂಜಿನ ಕಫ್ ಇರುವ ಟ್ಯೂಬಿಗಂತೂ ಈ ವಾಲ್ವ್ ಹಾಕಲೇಬಾರದು.

ಮೊದಲ ಸಲ ಆಸ್ಪತ್ರೆಯಲ್ಲೇ ಆಗಲಿ. ಕಫ್‌ನ ಮೇಲೆ ಎಂಜಲು ಕಟ್ಟಿ ನಿಂತಿರುತ್ತದೆ. ಗಾಳಿ ತೆಗೆದ ಕೂಡಲೇ ಅದಷ್ಟೂ ಕೆಳಗೆ ಜಾರುತ್ತದೆ. ಅದಕ್ಕೇ ನಾವು ಇಬ್ಬರು ನಿಲ್ಲುತ್ತಿದ್ದೆವು. ಬಾಯಿ, ಗಂಟಲು ಸಕ್ಷನ್ ಆದ ಮೇಲೆ ಒಬ್ಬರು ಸಿರಿಂಜಿನಲ್ಲಿ ನಿಧಾನಕ್ಕೆ ಗಾಳಿ ಎಳೆಯುವುದು, ಅದೇ ಹೊತ್ತಿಗೆ ಇನ್ನೊಬ್ಬರು ಟ್ಯೂಬಿನೊಳಗೆ ಸಕ್ಷನ್ ಮಾಡುವುದು. ಆಮೇಲೆ ವಾಲ್ವ್ ಇಟ್ಟು ಮುಖ ನೋಡುತ್ತಾ ಕೂರುವುದು. ಏದುಸಿರು ಬಂದರೆ, ಆಕ್ಸಿಜನ್ ಅಂಕಿ ಇಳಿದರೆ ಯೋಚನೆ ಮಾಡುತ್ತಾ ಕೂರಬೇಡಿ, ಮೊದಲು ವಾಲ್ವ್ ಕಿತ್ತುಹಾಕಿ. ಮಲಗುವಾಗ ತೆಗೆದುಬಿಡಿ. ಪೈಲಟ್ ಬಲೂನಿನ ಮೇಲೆ ‘ವಾಲ್ವ್ ಇದ್ದಾಗ ಗಾಳಿ ಹಾಕಬೇಡಿ’ ಅಂತ ಒಂದು ಚೀಟಿ ಅಂಟಿಸಿ. ರಾತ್ರಿ ಅಮ್ಮನ ಹತ್ತಿರ ಮಲಗುವವರು ಬದಲಾಗುತ್ತಿರುತ್ತಾರೆ, ಅಲ್ವಾ?

ಇಂಥ ವಾಲ್ವುಗಳಲ್ಲಿ ಹೆಸರಾದ ಪ್ಯಾಸಿ-ಮ್ಯೂರ್ ವಾಲ್ವನ್ನು ಕಂಡುಹಿಡಿದ ಅಮೆರಿಕದ ಡೇವಿಡ್ ಮ್ಯೂರ್ ಡಾಕ್ಟರಲ್ಲ, ರೋಗಿ. ಸ್ನಾಯು ಕ್ಷೀಣಿಸುವ ಕಾಯಿಲೆಯಿಂದ ವೆಂಟಿಲೇಟರ್ ಮೇಲಿದ್ದವರು. ಅಮ್ಮನಿಗೆ ಈ ವಿಷಯ ಹೇಳಿ, ಖುಷಿಪಡುತ್ತಾರೆ.

ಪ್ರಶ್ನೆ: ನಾನು ಬಿಎಸ್ಸಿ ನರ್ಸಿಂಗ್ ವಿದ್ಯಾರ್ಥಿನಿ. ಈ ಕಫ್ ಮೊದಲು ಯಾರಿಗೆ ಹೊಳೆಯಿತು ಮ್ಯಾಡಮ್?
— ಕಲಬುರಗಿ

ಉತ್ತರ: ಜರ್ಮನಿಯ ಸರ್ಜನ್ ಟ್ರೆಂಡೆಲೆನ್‌ಬರ್ಗ್ 1871ರಷ್ಟು ಹಿಂದೆಯೇ ಟ್ರೆಕಿಯಾಸ್ಟಮಿ ಟ್ಯೂಬಿಗೆ ಉಬ್ಬುವ ಕಫ್ ಕಟ್ಟಿದ್ದರು. ನಿಮಗೆ ಇಷ್ಟವಾಗುವ ಕತೆ ಅಮೆರಿಕದ ಅರಿವಳಿಕೆ ಡಾಕ್ಟರ್ ಆರ್ಥರ್ ಗ್ಯುಡೆಲ್ ಅವರದು. ಅವರೂ ರಾಲ್ಫ್ ವಾಟರ್ಸ್ ಅವರೂ 1928ರಲ್ಲಿ ಕಫ್ ಇರುವ ಟ್ಯೂಬಿನ ಬಗ್ಗೆ ಬರೆದರು. ಸೋರುವುದಿಲ್ಲ ಅಂತ ತೋರಿಸಲು ಗ್ಯುಡೆಲ್ ತಮ್ಮ ಸಾಕುನಾಯಿಗೆ ಅರಿವಳಿಕೆ ಕೊಟ್ಟು, ಟ್ಯೂಬ್ ಹಾಕಿ, ನೀರು ತುಂಬಿದ ತೊಟ್ಟಿಯಲ್ಲಿ ಮುಳುಗಿಸಿ ತೋರಿಸಿದರು. ನಾಯಿಗೆ ಏನೂ ಆಗಲಿಲ್ಲ. ಅದರ ಹೆಸರು ‘ಏರ್‌ವೇ’! 1952ರಲ್ಲಿ ಕೋಪನ್‌ಹೇಗನ್‌ನಲ್ಲಿ ಪೋಲಿಯೊ ಹಬ್ಬಿದಾಗ ಅಲ್ಲಿನ ಅರಿವಳಿಕೆ ಡಾಕ್ಟರ್ ಬ್ಯೋರ್ನ್ ಇಬ್ಸೆನ್, ಉಸಿರಾಡಲಾಗದ ರೋಗಿಗಳಿಗೆ ಟ್ರೆಕಿಯಾಸ್ಟಮಿ ಮಾಡಿಸಿ ಕಫ್ ಟ್ಯೂಬ್ ಹಾಕಿಸಿದರು. ಮೆಡಿಕಲ್ ವಿದ್ಯಾರ್ಥಿಗಳು ಪಾಳಿಯ ಮೇಲೆ ಕೈಯಲ್ಲೇ ಬ್ಯಾಗ್ ಒತ್ತಿ ರೋಗಿಗಳನ್ನು ಉಸಿರಾಡಿಸಿದರು. ಆಗಿನ ಕೆಂಪು ರಬ್ಬರ್ ಕಫ್‌ಗಳು ಗಟ್ಟಿ, ಒತ್ತಡ ವಿಪರೀತ. ನಾಳ ಕಿರಿದಾದ ರೋಗಿಗಳು ಜಾಸ್ತಿಯಾದ ಮೇಲೆ, 1970ರ ದಶಕದಲ್ಲಿ, ಈಗಿನ ತೆಳುವಾದ ಅಗಲ ಕಫ್ ಬಳಕೆಗೆ ಬಂತು. ಆದರೆ ಗಾಳಿ ತುರುಕಿದರೆ ಇದೂ ಅಷ್ಟೇ ಕೆಟ್ಟದ್ದು.

ಪ್ರಶ್ನೆ: ಅಜ್ಜನನ್ನು ಆಂಬುಲೆನ್ಸಿನಲ್ಲಿ ಘಾಟಿ ಇಳಿಸಿ ಮಂಗಳೂರಿಗೆ ಕರೆದುಕೊಂಡು ಹೋದೆವು. ಕೆಳಗೆ ತಲುಪುವ ಹೊತ್ತಿಗೆ ಕುತ್ತಿಗೆಯ ಹತ್ತಿರ ಗೊರಗೊರ ಸದ್ದು. ಟ್ಯೂಬ್ ಹಾಳಾಯಿತಾ?
— ಚಿಕ್ಕಮಗಳೂರು

ಉತ್ತರ: ಹಾಳಾಗಿಯೇ ಇರಬೇಕು ಅಂತಿಲ್ಲ. ಚಿಕ್ಕಮಗಳೂರು ಸಾವಿರ ಮೀಟರಿಗೂ ಮೇಲಿದೆ, ಮಂಗಳೂರು ಸಮುದ್ರದ ಮಟ್ಟ. ಕೆಳಗೆ ಹೊರಗಿನ ಗಾಳಿಯ ಒತ್ತಡ ಜಾಸ್ತಿ, ಹಾಗಾಗಿ ಕಫ್ ಒಳಗಿನ ಗಾಳಿ ಕುಗ್ಗುತ್ತದೆ, ಸಂದಿಯಲ್ಲಿ ಸೋರುತ್ತದೆ. ಕುಲುಕಾಟಕ್ಕೆ ಟ್ಯೂಬ್ ಕೊಂಚ ಸರಿದಿರಲೂಬಹುದು. ವಾಪಸ್ ಬರುವಾಗ ಎಚ್ಚರ ಬೇಕು, ಆಗ ಗಾಳಿ ಹಿಗ್ಗಿ ಒತ್ತಡ ಏರುತ್ತದೆ. ಘಾಟಿ ಹತ್ತಿದ ಮೇಲೆ ಗಾಡಿ ನಿಲ್ಲಿಸಿ ಮೀಟರ್ ಹಾಕಿಸಿ. ವಿಮಾನದಲ್ಲೂ ಹೀಗೇ. ಅದೇ ಸೈಜಿನ ಒಂದು, ಅದಕ್ಕಿಂತ ಒಂದು ಸೈಜ್ ಚಿಕ್ಕದು ಇನ್ನೊಂದು, ಎರಡು ಟ್ಯೂಬ್ ಜೊತೆಗಿಲ್ಲದೆ ಮನೆಯಿಂದ ಹೊರಡಬೇಡಿ.

ಪ್ರಶ್ನೆ: ಕಟ್ಟುಹಾವು ಕಚ್ಚಿ ನನ್ನ ಗಂಡ ಹನ್ನೆರಡು ದಿನ ವೆಂಟಿಲೇಟರ್ ಮೇಲಿದ್ದರು. ಈಗ ಟ್ಯೂಬ್ ಇಲ್ಲ. ಮನೆಗೆ ಬಂದು ತಿಂಗಳಾದ ಮೇಲೆ ನಡೆದರೆ ದಮ್ಮು, ಉಸಿರು ಎಳೆದರೆ ಸೊಂಯ್ ಅನ್ನುತ್ತದೆ. ಆಸ್ತಮಾ ಅಂತ ಇನ್‌ಹೇಲರ್ ಕೊಟ್ಟಿದ್ದಾರೆ, ಕಡಿಮೆಯಾಗಿಲ್ಲ.
— ರಾಯಚೂರು ಜಿಲ್ಲೆ

ಉತ್ತರ: ತಂಗಿ, ನಾಳೆಯೇ ದೊಡ್ಡ ಆಸ್ಪತ್ರೆಯ ಇಎನ್‌ಟಿ ವಿಭಾಗಕ್ಕೆ ಕರೆದುಕೊಂಡು ಹೋಗಿ. ಮೊದಲ ಮಾತಲ್ಲೇ ‘ಹನ್ನೆರಡು ದಿನ ಟ್ಯೂಬ್ ಇತ್ತು’ ಅಂತ ಹೇಳಿ. ಟ್ಯೂಬ್ ತೆಗೆದ ಎಷ್ಟೋ ವಾರ, ತಿಂಗಳುಗಳ ಮೇಲೆ ನಾಳ ಕಿರಿದಾಗುವುದು ಉಂಟು. ಅದನ್ನು ಆಸ್ತಮಾ ಅಂದುಕೊಳ್ಳುವುದೂ ಉಂಟು. ಆಸ್ತಮಾದ ಸದ್ದು ಹೆಚ್ಚಾಗಿ ಉಸಿರು ಬಿಡುವಾಗ, ನಿಮ್ಮವರಿಗೆ ಎಳೆಯುವಾಗ. ಗಂಟಲಿನೊಳಗೆ ಸ್ಕೋಪ್ ಹಾಕಿ ನೋಡಬೇಕು, ಸಿಟಿ ಸ್ಕ್ಯಾನ್ ಬೇಕಾಗಬಹುದು. ಕಿರಿದಾಗಿದ್ದರೆ ಅಗಲ ಮಾಡುವ ದಾರಿಗಳಿವೆ, ಹೆದರಬೇಡಿ. ಕೂತಲ್ಲೇ ದಮ್ಮು ಬಂದರೆ ಮಾತ್ರ ನಾಳೆವರೆಗೂ ಕಾಯದೆ 108ಕ್ಕೆ ಫೋನ್ ಮಾಡಿ.